ನಾಯಿಯ ಆಯುಷ್ಯ: ಗಾತ್ರದ ಪಾಲು, ಆರೈಕೆಯ ಪಾಲು

ವಿಷಯ: ಪರಿಸರ ಅಭ್ಯಾಸ, ಗಣಿತ ಹಾಗೂ ಕನ್ನಡ ಭಾಷೆಯೊಂದಿಗೆ ಸಂಯೋಜಿತ ಪಾಠ
ಇಯತ್ತೆ: ಐದರಿಂದ ಏಳು
ಅವಧಿಗಳು: ನಾಲ್ಕು

ಪೀಠಿಕೆ

ನೇಸರಿ, ಗಡಹಿಂಗ್ಲಜ ಭಾಗದ ಊರುಗಳಲ್ಲಿ ನಾಯಿಯಿಲ್ಲದ ಓಣಿ ದೊರೆಯುವುದು ಕಷ್ಟ. ಕಬ್ಬಿನ ಹೊಲದ ಬದುವಿನ ಮೇಲೆ, ಕುರಿಗಾಹಿಗಳ ಹಟ್ಟಿಯಲ್ಲಿ, ಕಿರಾಣಿ ಅಂಗಡಿಯ ಕಟ್ಟೆಯ ಕೆಳಗೆ, ಮಧ್ಯಾಹ್ನದ ಊಟದ ವೇಳೆಗೆ ಶಾಲೆಯ ಗೇಟಿನ ಬಳಿಯಲ್ಲಿಯೂ ನಾಯಿ ಇರುತ್ತದೆ. ಈ ಸೀಮೆಯನ್ನು ಹಾಯ್ದು ಪೂರ್ವಕ್ಕೆ ಹರಿಯುವ ಘಟಪ್ರಭೆ ಹಿಡಕಲ್ ಹಾಗೂ ಗೋಕಾಕಗಳನ್ನು ದಾಟಿ ಮುಧೋಳವನ್ನು ತಲುಪುತ್ತದೆ. ಭಾರತದ ಹೆಸರಾಂತ ಬೇಟೆನಾಯಿಯ ತಳಿಗೆ ಹೆಸರು ಕೊಟ್ಟ ಊರು ಅದೇ. ಹೀಗೆ ನದಿಯ ಮೇಲ್ಭಾಗದ ಮಕ್ಕಳಿಗೂ ಕೆಳಭಾಗದ ಮಕ್ಕಳಿಗೂ ನಾಯಿ ಪರಿಚಿತ ಪ್ರಾಣಿ. ಪರಿಚಿತವಾದುದರಿಂದಲೇ ಅದನ್ನು ಕುರಿತು ಪ್ರಶ್ನೆ ಕೇಳುವ ಅಭ್ಯಾಸ ಕಡಿಮೆ.

ಆದರೂ ತರಗತಿಯಲ್ಲಿ ಒಂದು ಪ್ರಶ್ನೆ ಆಗಾಗ ಎದುರಾಗುತ್ತದೆ. ಐದನೆಯ ಇಯತ್ತೆಯ ಹುಡುಗಿಯೊಬ್ಬಳು ಎದ್ದು ನಿಂತು, "ಗುರೂಜೀ, ನಮ್ಮ ನಾಯಿ ಭಾಳ ದೊಡ್ಡದಿತ್ತು, ಗಟ್ಟಿ ಇತ್ತು. ನಾಲ್ಕು ವರ್ಷಕ್ಕ ಸತ್ತಹೋತು. ಬಾಜೂ ಮನಿ ಸಣ್ಣ ನಾಯಿ ಹದಿನಾಲ್ಕು ವರ್ಷ ಬದುಕೇತಿ. ಯಾಕ್ರೀ?" ಎಂದು ಕೇಳಿದಳೆಂದು ಭಾವಿಸೋಣ. ಇಂತಹ ಸಂದರ್ಭದಲ್ಲಿ ಹಿರಿಯರಿಂದ ದೊರೆಯುವ ಉತ್ತರ ಸಾಮಾನ್ಯವಾಗಿ ಒಂದೇ: "ಅದರ ಆಯುಷ್ಯ ಅಷ್ಟೇ ಇತ್ತು." ಈ ಮಾತಿನಲ್ಲಿ ಸಾಂತ್ವನವಿದೆ, ಆದರೆ ವಿಚಾರವು ಅಲ್ಲಿಗೇ ನಿಂತುಬಿಡುತ್ತದೆ. ನಾಯಿಯ ಆಯುಷ್ಯದಲ್ಲಿ ಹುಟ್ಟಿನಿಂದ ಬಂದ ಪಾಲು ಯಾವುದು, ಮನುಷ್ಯನ ಕೈಯಲ್ಲಿರುವ ಪಾಲು ಯಾವುದು ಎಂಬುದನ್ನು ಬೇರ್ಪಡಿಸಿ ನೋಡುವುದನ್ನು ಮಕ್ಕಳಿಗೆ ಕಲಿಸುವುದೇ ಈ ಪಾಠದ ತಿರುಳು.

ಕಲಿಕೆಯ ಫಲಗಳು

ಪಾಠದ ಕೊನೆಗೆ ವಿದ್ಯಾರ್ಥಿಯು:
1. ನಾಯಿಯ ಗಾತ್ರಕ್ಕೂ ಆಯುಷ್ಯಕ್ಕೂ ಇರುವ ಸಂಬಂಧವನ್ನು ಸ್ವಂತ ಮಾತಿನಲ್ಲಿ ವಿವರಿಸುವನು.
2. ಸರಾಸರಿ ಮತ್ತು ಮಧ್ಯಾಂಕಗಳನ್ನು ಕಂಡುಹಿಡಿದು, ಅವುಗಳ ಅರ್ಥವನ್ನು ಹೇಳುವನು.
3. ಸಾಕುನಾಯಿಯ ಆರೈಕೆಯ ಮುಖ್ಯ ಅಂಶಗಳನ್ನು ಕಾರಣಸಹಿತ ಪಟ್ಟಿ ಮಾಡುವನು.
4. ನಾಯಿ ಕಚ್ಚಿದಾಗ ಮಾಡಬೇಕಾದ ಮೊದಲ ಕೆಲಸವನ್ನು ತಪ್ಪಿಲ್ಲದೆ ಹೇಳುವನು.

ಶಿಕ್ಷಕರಿಗೆ ವಿಷಯ ಪರಿಚಯ

ಅ) ದೊಡ್ಡ ಪ್ರಾಣಿ, ದೀರ್ಘ ಆಯುಷ್ಯ: ಈ ನಿಯಮ ನಾಯಿಗೆ ಏಕೆ ಅನ್ವಯಿಸದು?

ಪ್ರಾಣಿಲೋಕದಲ್ಲಿ ಸಾಮಾನ್ಯವಾಗಿ ದೊಡ್ಡ ದೇಹದ ಜಾತಿಗಳು ಹೆಚ್ಚು ಕಾಲ ಬದುಕುತ್ತವೆ. ಇಲಿಗೆ ಎರಡು ಮೂರು ವರ್ಷವಾದರೆ ಆನೆ ಅರವತ್ತನ್ನೂ ದಾಟಬಲ್ಲದು. ಆದರೆ ನಾಯಿ ಎಂಬ ಒಂದೇ ಜಾತಿಯೊಳಗೆ ಈ ಕ್ರಮ ತಲೆಕೆಳಗಾಗುತ್ತದೆ. ಎರಡು ಮೂರು ಕಿಲೊ ತೂಗುವ ಚಿವಾವಾ ತಳಿಯ ನಾಯಿ ಹನ್ನೆರಡು ವರ್ಷಗಳನ್ನು ಸುಲಭವಾಗಿ ದಾಟುತ್ತದೆ. ಐವತ್ತು ಕಿಲೊ ಮೀರುವ ಗ್ರೇಟ್ ಡೇನ್ ಎಂಟು ಹತ್ತು ವರ್ಷಗಳಲ್ಲಿಯೇ ಮುದಿಯಾಗಿ ಸಾಯುವುದು ಸಾಮಾನ್ಯ. "ದೊಡ್ಡದಿತ್ತು, ಗಟ್ಟಿ ಇತ್ತು" ಎಂಬ ಹುಡುಗಿಯ ಮಾತಿನಲ್ಲಿ ದೊಡ್ಡದು ಎಂದರೆ ಬಾಳಿಕೆ ಬರುವಂಥದ್ದು ಎಂಬ ನಂಬಿಕೆ ಅಡಗಿದೆ. ಆ ನಂಬಿಕೆಯನ್ನು ಮೊದಲು ಪರೀಕ್ಷಿಸಬೇಕು.

2013ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ವಿಜ್ಞಾನಿಗಳು 74 ತಳಿಗಳ 56,000ಕ್ಕೂ ಹೆಚ್ಚು ನಾಯಿಗಳ ದಾಖಲೆಗಳನ್ನು ಪರಿಶೀಲಿಸಿದರು. ತೂಕದಲ್ಲಿ ಪ್ರತಿ ಎರಡು ಕಿಲೊ ಹೆಚ್ಚಿದಂತೆ ನಿರೀಕ್ಷಿತ ಆಯುಷ್ಯ ಸುಮಾರು ಒಂದು ತಿಂಗಳು ಕಡಿಮೆಯಾಗುವುದು ಅವರಿಗೆ ಕಂಡಿತು. ದೊಡ್ಡ ನಾಯಿಗಳಿಗೆ ಮುಪ್ಪು ಬೇಗ ಆರಂಭವಾಗುತ್ತದೆ ಎಂಬುದಕ್ಕಿಂತ, ಆರಂಭವಾದ ಮೇಲೆ ಅದು ವೇಗವಾಗಿ ಸಾಗುತ್ತದೆ ಎಂಬುದು ಅವರ ಮುಖ್ಯ ನಿರ್ಣಯ.

ಇದರ ಕಾರಣಗಳು ಇನ್ನೂ ಪೂರ್ಣವಾಗಿ ಬಿಡಿಸಿಕೊಂಡಿಲ್ಲವಾದರೂ ಕೆಲವು ಎಳೆಗಳು ಸ್ಪಷ್ಟವಾಗಿವೆ. ನಾಯಿಯ ಪೂರ್ವಜ ತೋಳ. ಚಿವಾವಾದಂತಹ ಕಿರಿದೇಹವನ್ನೂ ಗ್ರೇಟ್ ಡೇನ್‌ನಂತಹ ಹಿರಿದೇಹವನ್ನೂ ರೂಪಿಸಿದವನು, ತನಗೆ ಬೇಕಾದ ಗುಣದ ನಾಯಿಗಳನ್ನು ಆಯ್ದು ಮರಿ ಮಾಡಿಸಿದ ಮನುಷ್ಯ. ದೊಡ್ಡ ತಳಿಯ ಮರಿ ಅರ್ಧ ಕಿಲೊದಷ್ಟು ಹುಟ್ಟಿ, ಒಂದೂವರೆ ವರ್ಷದೊಳಗೆ ಅದರ ನೂರು ಪಟ್ಟು ಬೆಳೆಯುತ್ತದೆ. ಈ ವೇಗದ ಬೆಳವಣಿಗೆಯನ್ನು ನಡೆಸುವ ರಾಸಾಯನಿಕಗಳಲ್ಲಿ ಇನ್ಸುಲಿನ್‌ನಂತಹ ಬೆಳವಣಿಗೆ ಅಂಶವೂ ಒಂದು. ಈ ಅಂಶಕ್ಕೆ ಸಂಬಂಧಿಸಿದ ಜೀನಿನ ಒಂದು ನಿರ್ದಿಷ್ಟ ರೂಪವು ಸಣ್ಣ ತಳಿಗಳಲ್ಲಿ ವ್ಯಾಪಕವಾಗಿದೆ ಎಂಬುದು 2007ರಲ್ಲಿ ಪತ್ತೆಯಾಯಿತು. ವೇಗವಾಗಿ ಬೆಳೆಯುವ ದೇಹದಲ್ಲಿ ಸವೆತವೂ ಹೆಚ್ಚು. ದೊಡ್ಡ ತಳಿಗಳಲ್ಲಿ ಕ್ಯಾನ್ಸರ್ ಮತ್ತು ಕೀಲುಗಳ ತೊಂದರೆ ಹೆಚ್ಚಾಗಿ ಕಂಡುಬರುತ್ತವೆ.

ಗಾತ್ರವೊಂದೇ ಎಲ್ಲವನ್ನೂ ನಿರ್ಧರಿಸದು. ಬ್ರಿಟನ್ನಿನ ಐದು ಲಕ್ಷ ಎಂಬತ್ತು ಸಾವಿರಕ್ಕೂ ಹೆಚ್ಚು ನಾಯಿಗಳ ದಾಖಲೆಗಳನ್ನು ಆಧರಿಸಿ 2024ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಒಟ್ಟು ನಾಯಿಗಳ ಮಧ್ಯಾಂಕ ಆಯುಷ್ಯ 12.5 ವರ್ಷ. ಚಪ್ಪಟೆ ಮುಖದ ತಳಿಗಳ ಆಯುಷ್ಯ ಅದಕ್ಕಿಂತ ಕಡಿಮೆ. ಉದ್ದ ಮೂತಿಯ ಸಣ್ಣ ನಾಯಿಗಳದು ಹೆಚ್ಚು. ನೋಡಲು ಮುದ್ದಾಗಿರಲೆಂದು ಮೂತಿಯನ್ನು ಮೊಟಕು ಮಾಡಿದ ಪಗ್‌ನಂತಹ ತಳಿಗಳು ಉಸಿರಾಟಕ್ಕಾಗಿಯೇ ಜೀವನವಿಡೀ ಕಷ್ಟಪಡಬೇಕಾಗುತ್ತದೆ.

ಆ) ಎತ್ತರ ಬೇರೆ, ತೂಕ ಬೇರೆ: ಮುಧೋಳ ನಾಯಿಯ ನಿದರ್ಶನ

ಮಕ್ಕಳು "ದೊಡ್ಡ ನಾಯಿ" ಎಂದಾಗ ಸಾಮಾನ್ಯವಾಗಿ ಎತ್ತರವನ್ನು ಗಮನಿಸುತ್ತಾರೆ. ಆಯುಷ್ಯದ ಲೆಕ್ಕದಲ್ಲಿ ಮುಖ್ಯವಾದುದು ತೂಕ. ಇದನ್ನು ತಿಳಿಸಲು ಮುಧೋಳ ನಾಯಿಗಿಂತ ಸಮೀಪದ ಉದಾಹರಣೆ ಬೇರೊಂದಿಲ್ಲ. ಗಂಡುನಾಯಿ ಹೆಗಲಿನ ಬಳಿ ಸುಮಾರು 70 ಸೆಂಟಿಮೀಟರ್ ಎತ್ತರವಿದ್ದರೂ ತೂಕದಲ್ಲಿ 25 ಕಿಲೊದ ಆಸುಪಾಸಿನಲ್ಲಿರುತ್ತದೆ. ಎತ್ತರದಲ್ಲಿ ಅದಕ್ಕಿಂತ ಸ್ವಲ್ಪವೇ ಹೆಚ್ಚಿರುವ ಗ್ರೇಟ್ ಡೇನ್ ಅದರ ಎರಡು ಪಟ್ಟಿಗೂ ಮೀರಿ ತೂಗುತ್ತದೆ. ಉದ್ದನೆಯ ಮೂತಿ, ಆಳವಾದ ಎದೆ, ಒಳಸರಿದ ಹೊಟ್ಟೆ, ತೆಳುವಾದ ಕಾಲುಗಳು ಓಟಕ್ಕಾಗಿಯೇ ಹೊಂದಿಕೊಂಡ ಅಂಗರಚನೆ.

ಮುಧೋಳ ಸಂಸ್ಥಾನದ ಘೋರ್ಪಡೆ ಅರಸರು, ವಿಶೇಷವಾಗಿ ಮಾಲೋಜಿರಾವ್ ಘೋರ್ಪಡೆ, ಈ ನಾಯಿಗೆ ಪೋಷಣೆ ನೀಡಿದರು. ಮಹಾರಾಷ್ಟ್ರದಲ್ಲಿ ಇದೇ ಬಗೆಯ ನಾಯಿಗೆ ಕಾರವಾನ್ ಎಂಬ ಹೆಸರೂ ಇದೆ. 2005ರಲ್ಲಿ ಭಾರತೀಯ ಅಂಚೆ ಇಲಾಖೆಯು ದೇಶೀ ನಾಯಿಗಳ ಅಂಚೆಚೀಟಿಗಳನ್ನು ಹೊರತಂದಾಗ ಅವುಗಳಲ್ಲಿ ಮುಧೋಳ ನಾಯಿಯೂ ಒಂದಾಗಿತ್ತು. ಮುಧೋಳದ ಬಳಿಯ ತಿಮ್ಮಾಪುರದಲ್ಲಿ ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾಲಯದ ಶ್ವಾನ ಸಂಶೋಧನಾ ಕೇಂದ್ರವಿದೆ. 2016ರಲ್ಲಿ ಭಾರತೀಯ ಸೇನೆಯು ಈ ತಳಿಯ ಮರಿಗಳನ್ನು ತರಬೇತಿಗಾಗಿ ಮೇರಠಕ್ಕೆ ಒಯ್ದಿತು.

ಈ ನಿದರ್ಶನದಲ್ಲಿ ಇನ್ನೊಂದು ಪಾಠವೂ ಇದೆ. ಪಕ್ಕೆಲುಬುಗಳು ತುಸು ಕಾಣುವುದು ಈ ತಳಿಗೆ ಸಹಜ. ಅದನ್ನು ಹಸಿವೆಂದು ಭಾವಿಸಿ ಅತಿಯಾಗಿ ತಿನ್ನಿಸಿದರೆ ಓಡಲೆಂದು ರೂಪುಗೊಂಡ ದೇಹ ಭಾರ ಹೊರುವ ದೇಹವಾಗುತ್ತದೆ. ಪ್ರೀತಿಯಿಂದ ಮಾಡಿದ ಕೆಲಸವೂ ತಿಳಿವಳಿಕೆಯಿಲ್ಲದಿದ್ದರೆ ಹಾನಿ ತರಬಲ್ಲದು.

ಇ) ಆಹಾರದ ಅಳತೆ: ಒಂದು ದೀರ್ಘ ಪ್ರಯೋಗ

ಆರೈಕೆಯ ಪಾಲು ಎಷ್ಟೆಂಬುದನ್ನು ತಿಳಿಯಲು ಅಮೆರಿಕದಲ್ಲಿ ನಡೆದು 2002ರಲ್ಲಿ ಪ್ರಕಟವಾದ ಪ್ರಯೋಗವೊಂದು ನೆರವಾಗುತ್ತದೆ. ಲ್ಯಾಬ್ರಡಾರ್ ತಳಿಯ 48 ಮರಿಗಳನ್ನು ಒಡಹುಟ್ಟುಗಳ ಜೋಡಿಗಳಾಗಿ ವಿಂಗಡಿಸಲಾಯಿತು. ಪ್ರತಿ ಜೋಡಿಯಲ್ಲಿ ಒಂದು ನಾಯಿ ತಿಂದಷ್ಟರ ಮುಕ್ಕಾಲು ಪಾಲು ಆಹಾರವನ್ನು ಮಾತ್ರ ಇನ್ನೊಂದಕ್ಕೆ ಜೀವನಪರ್ಯಂತ ಕೊಡಲಾಯಿತು. ಆಹಾರ ಒಂದೇ, ಅಳತೆ ಮಾತ್ರ ಬೇರೆ. ಹೆಚ್ಚು ತಿಂದ ಗುಂಪಿನ ಮಧ್ಯಾಂಕ ಆಯುಷ್ಯ 11.2 ವರ್ಷ, ಅಳತೆಯಲ್ಲಿ ತಿಂದ ಗುಂಪಿನದು 13 ವರ್ಷ. ಅಂದರೆ 1.8 ವರ್ಷ, ಸುಮಾರು 22 ತಿಂಗಳುಗಳ ಅಂತರ. ಅಳತೆಯಲ್ಲಿ ತಿಂದ ನಾಯಿಗಳಿಗೆ ಕೀಲುನೋವು ಸಹ ತಡವಾಗಿ ಬಂದಿತು.

ಈಗ ಎರಡು ಲೆಕ್ಕಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಬೇಕು. ಎರಡು ಕಿಲೊಗೆ ಒಂದು ತಿಂಗಳಿನಂತೆ, 10 ಕಿಲೊ ನಾಯಿಗೂ 50 ಕಿಲೊ ನಾಯಿಗೂ ಇರುವ ಅಂತರ 20 ತಿಂಗಳು. ಆಹಾರದ ಅಳತೆಯಿಂದ ದೊರೆತ ಅಂತರ 22 ತಿಂಗಳು. ಇವು ಬೇರೆ ಬೇರೆ ಅಧ್ಯಯನಗಳ ಅಂಕಿಗಳಾದುದರಿಂದ ಹೋಲಿಕೆ ಸ್ಥೂಲವಾದುದು. ಆದರೂ ನಾಲ್ವತ್ತು ಕಿಲೊ ದೇಹಭಾರ ಕಸಿದುಕೊಳ್ಳುವಷ್ಟು ಕಾಲವನ್ನು ಒಂದು ಅಳತೆಯ ಬಟ್ಟಲು ಮರಳಿ ಕೊಡಬಲ್ಲದು ಎಂಬ ಮಾತು ಮಕ್ಕಳ ಮನಸ್ಸಿನಲ್ಲಿ ನಿಲ್ಲುವಂಥದ್ದು.

ಇಲ್ಲಿ ಶಿಕ್ಷಕರು ಒಂದು ಎಚ್ಚರ ವಹಿಸಬೇಕು. "ಕಡಿಮೆ ತಿಂದರೆ ಹೆಚ್ಚು ಬದುಕುತ್ತದೆ" ಎಂದು ಸಂಕ್ಷೇಪಿಸಿದರೆ ಅದು ಉಪವಾಸ ಕೆಡಹುವುದಕ್ಕೆ ಸಮರ್ಥನೆಯಾದೀತು. ಪ್ರಯೋಗದ ನಾಯಿಗಳಿಗೆ ದೊರೆತದ್ದು ಪೂರ್ಣ ಪೌಷ್ಟಿಕಾಂಶಗಳಿದ್ದ ಆಹಾರ. ಅಳತೆ ಬೇರೆ, ಕೊರತೆ ಬೇರೆ.

ಈ) ಬೀದಿಯ ಮರಿ: ಸರಾಸರಿ ಮರೆಮಾಡುವ ಸತ್ಯ

ಊರಿನ ಹೆಚ್ಚಿನ ನಾಯಿಗಳು ಯಾವ ಹೆಸರಾಂತ ತಳಿಗೂ ಸೇರಿದವಲ್ಲ. ಅವು ಮಧ್ಯಮ ಗಾತ್ರದ ದೇಶೀ ನಾಯಿಗಳು. ಗಾತ್ರದ ಲೆಕ್ಕದಲ್ಲಿ ಅವುಗಳಿಗೆ ಒಳ್ಳೆಯ ಆಯುಷ್ಯವೇ ಇರಬೇಕು. ಮನೆಯಲ್ಲಿ ಸಾಕಿದಾಗ ಅವು ಹನ್ನೆರಡು ವರ್ಷ ದಾಟುವುದುಂಟು. ಆದರೆ ಬೀದಿಯಲ್ಲಿ ಹುಟ್ಟಿದವುಗಳ ಕಥೆ ಬೇರೆ. ಕೊಲ್ಕತ್ತದ ವಿಜ್ಞಾನ ಶಿಕ್ಷಣ ಮತ್ತು ಸಂಶೋಧನಾ ಸಂಸ್ಥೆಯ ಸಂಶೋಧಕರು ಪಶ್ಚಿಮ ಬಂಗಾಳದ ಬೀದಿನಾಯಿಗಳ 95 ಸೂಲುಗಳ 364 ಮರಿಗಳನ್ನು ಗಮನಿಸಿ 2016ರಲ್ಲಿ ಫಲಿತಾಂಶ ಪ್ರಕಟಿಸಿದರು. ಅವುಗಳಲ್ಲಿ ಪ್ರಾಯಕ್ಕೆ ಬರುವವರೆಗೆ ಬದುಕಿದ್ದವು ಕೇವಲ ಶೇ. 19. ಸಾವುಗಳಲ್ಲಿ ಶೇ. 63ರಷ್ಟಕ್ಕೆ ಯಾವುದಾದರೊಂದು ರೀತಿಯಲ್ಲಿ ಮನುಷ್ಯನೇ ಕಾರಣನಾಗಿದ್ದನು.

ಆದ್ದರಿಂದ "ಬೀದಿನಾಯಿಯ ಆಯುಷ್ಯ ಕಡಿಮೆ" ಎಂಬ ಮಾತನ್ನು ಬಿಡಿಸಿ ಹೇಳಬೇಕು. ಅದರ ದೇಹಕ್ಕೆ ಮುಪ್ಪು ಬೇಗ ಬರುತ್ತದೆಂದಲ್ಲ. ಮುಪ್ಪಿನವರೆಗೆ ತಲುಪಲು ಅದಕ್ಕೆ ಅವಕಾಶ ಸಿಗುವುದಿಲ್ಲ. ಕಬ್ಬು ನುರಿಸುವ ಹಂಗಾಮಿನಲ್ಲಿ ಟ್ರ್ಯಾಕ್ಟರುಗಳು ಸಾಲುಗಟ್ಟುವ ರಸ್ತೆಯ ಅಂಚನ್ನು ನೋಡಿದ ಮಕ್ಕಳಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ.

ಉ) ಆರೈಕೆಯ ಅಂಶಗಳು

ಲಸಿಕೆ: ಪಾರ್ವೊ ಮತ್ತು ಡಿಸ್ಟೆಂಪರ್ ಎಂಬ ವೈರಾಣು ರೋಗಗಳು ಮರಿಗಳನ್ನು ಕೆಲವೇ ದಿನಗಳಲ್ಲಿ ಕೊಲ್ಲಬಲ್ಲವು. ಇವುಗಳ ವಿರುದ್ಧ ಆರರಿಂದ ಎಂಟು ವಾರಗಳ ವಯಸ್ಸಿನಲ್ಲಿ ಲಸಿಕೆ ಆರಂಭವಾಗಬೇಕು. ಮೂರು ತಿಂಗಳ ವಯಸ್ಸಿಗೆ ರೇಬೀಸ್ ಲಸಿಕೆ ಹಾಕಿಸಿ, ಮುಂದೆ ಪಶುವೈದ್ಯರು ಹೇಳಿದ ಕ್ರಮದಲ್ಲಿ ಮುಂದುವರಿಸಬೇಕು.

ಜಂತು ಮತ್ತು ಉಣ್ಣಿ: ಹೊಟ್ಟೆಯ ಜಂತುಹುಳು ಮರಿಯ ಬೆಳವಣಿಗೆಯನ್ನು ಕುಗ್ಗಿಸುತ್ತದೆ. ಉಣ್ಣಿಗಳು ರಕ್ತ ಹೀರುವುದಲ್ಲದೆ ಪ್ರಾಣಾಪಾಯದ ಜ್ವರವನ್ನೂ ಹರಡುತ್ತವೆ. ಕೈಯಿಂದ ಕಿತ್ತು ಬೆರಳಿನಲ್ಲಿ ಹೊಸಕುವುದು ಸರಿಯಲ್ಲ. ಪಶು ದವಾಖಾನೆಯ ಔಷಧವೇ ಸೂಕ್ತ.

ಆಹಾರ: ರೊಟ್ಟಿ, ಅನ್ನಗಳೊಂದಿಗೆ ಮೊಟ್ಟೆ ಅಥವಾ ಮಾಂಸದಂತಹ ಪೌಷ್ಟಿಕ ಪದಾರ್ಥ ಇರಬೇಕು. ಈರುಳ್ಳಿ ಮತ್ತು ಬೆಳ್ಳುಳ್ಳಿ ನಾಯಿಯ ರಕ್ತಕಣಗಳಿಗೆ ಹಾನಿಕರ. ಆದುದರಿಂದ ಮನೆಯಲ್ಲಿ ಉಳಿದ ಖಾರದ ತಾಂಬಡಾ ರಸ್ಸಾ ಅದಕ್ಕೆ ತಕ್ಕ ಊಟವಲ್ಲ. ಚಾಕೊಲೇಟ್ ಹಾಗೂ ದ್ರಾಕ್ಷಿ ವಿಷವಾಗಬಲ್ಲವು. ಬೇಯಿಸಿದ ಕೋಳಿಯ ಎಲುಬು ಚೂಪಾಗಿ ಸೀಳಿ ಕರುಳನ್ನು ಗಾಯಗೊಳಿಸಬಹುದು.

ನೀರು ಮತ್ತು ನೆರಳು: ನಾಯಿಯು ಮುಖ್ಯವಾಗಿ ತೇಕುವ ಮೂಲಕ ದೇಹವನ್ನು ತಂಪಾಗಿಸಿಕೊಳ್ಳುತ್ತದೆ. ಬೇಸಿಗೆಯಲ್ಲಿ ತಗಡಿನ ಮಾಡಿನ ಕೆಳಗೆ ಗಿಡ್ಡ ಸರಪಳಿಯಲ್ಲಿ ಕಟ್ಟಿದ ನಾಯಿಗೆ ಉಷ್ಣಾಘಾತವಾಗಬಹುದು.

ಸಂತಾನಹರಣ ಚಿಕಿತ್ಸೆ: ಹೆಣ್ಣುನಾಯಿಗೆ ಬರುವ ಗರ್ಭಕೋಶದ ಸೋಂಕನ್ನು ಇದು ತಪ್ಪಿಸುತ್ತದೆ, ಸಾಕುವವರಿಲ್ಲದ ಮರಿಗಳು ರಸ್ತೆಯಲ್ಲಿ ಸಾಯುವುದನ್ನೂ ಕಡಿಮೆ ಮಾಡುತ್ತದೆ. ಬೀದಿನಾಯಿಗಳ ಸಂತಾನ ನಿಯಂತ್ರಣಕ್ಕಾಗಿ ಕೇಂದ್ರ ಸರ್ಕಾರವು 2023ರಲ್ಲಿ ಹೊಸ ನಿಯಮಗಳನ್ನು ಹೊರಡಿಸಿದೆ.

ಬೋಧನಾ ಕ್ರಮ

ಮೊದಲ ಅವಧಿ: ಸಮೀಕ್ಷೆ

ಪ್ರತಿ ವಿದ್ಯಾರ್ಥಿಯೂ ತನಗೆ ಗೊತ್ತಿದ್ದ, ಈಗ ಬದುಕಿಲ್ಲದ ಒಂದು ನಾಯಿಯನ್ನು ಕುರಿತು ಮನೆಯ ಹಿರಿಯರನ್ನು ಕೇಳಿ ಐದು ಸಂಗತಿಗಳನ್ನು ಬರೆದು ತರಬೇಕು: ಗಾತ್ರ, ಎಷ್ಟು ವರ್ಷ ಬದುಕಿತು, ಸಾವಿನ ಕಾರಣ, ಲಸಿಕೆ ಹಾಕಿಸಲಾಗಿತ್ತೆ, ಕಟ್ಟಿ ಸಾಕಿದ್ದೆ ಅಥವಾ ಬಿಟ್ಟು ಸಾಕಿದ್ದೆ. ಬದುಕಿರುವ ನಾಯಿಗಳ ವಯಸ್ಸನ್ನು ಈ ಪಟ್ಟಿಯಲ್ಲಿ ಸೇರಿಸಬಾರದು. ಅವುಗಳ ಆಯುಷ್ಯ ಇನ್ನೂ ಪೂರ್ಣವಾಗಿಲ್ಲ. ತೂಕವನ್ನು ಅಂದಾಜು ಮಾಡಲು ಮಕ್ಕಳಿಗೆ ಪರಿಚಿತ ಅಳತೆಗಳನ್ನು ಕೊಡಬೇಕು. ಹತ್ತು ಕಿಲೊ ಹಿಟ್ಟಿನ ಚೀಲಕ್ಕಿಂತ ಹಗುರವಾದುದು ಸಣ್ಣದು. ಅದಕ್ಕೂ ಅರ್ಧ ಸಿಮೆಂಟ್ ಚೀಲಕ್ಕೂ, ಅಂದರೆ 25 ಕಿಲೊಗೂ ನಡುವಿನದು ಮಧ್ಯಮ. ಅದಕ್ಕೂ ಮಿಗಿಲಾದುದು ದೊಡ್ಡದು.

ಸಮೀಕ್ಷೆಗಾಗಿ ಯಾವ ನಾಯಿಯನ್ನೂ ಮುಟ್ಟಬಾರದು, ಎತ್ತಬಾರದು ಎಂದು ಮೊದಲೇ ಸ್ಪಷ್ಟವಾಗಿ ಹೇಳಬೇಕು.

ಎರಡನೆಯ ಅವಧಿ: ಲೆಕ್ಕ

ಮಕ್ಕಳು ತಂದ ಅಂಕಿಗಳನ್ನು ಗಾತ್ರಕ್ಕೆ ಅನುಸಾರವಾಗಿ ಮೂರು ಸಾಲುಗಳಲ್ಲಿ ಫಲಕದ ಮೇಲೆ ಬರೆಯಬೇಕು. ಅದಕ್ಕೆ ಮುನ್ನ ಒಂದು ಕಲ್ಪಿತ ಉದಾಹರಣೆಯನ್ನು ಬಿಡಿಸುವುದು ಒಳಿತು. ಐದು ನಾಯಿಗಳು ಕ್ರಮವಾಗಿ 1, 1, 2, 12 ಮತ್ತು 14 ವರ್ಷ ಬದುಕಿದವು ಎಂದುಕೊಳ್ಳೋಣ. ಮೊತ್ತ 30, ಸರಾಸರಿ 6. ಆದರೆ ಆರು ವರ್ಷ ಬದುಕಿದ ನಾಯಿ ಅವುಗಳಲ್ಲಿ ಒಂದೂ ಇಲ್ಲ! ಮೂರು ನಾಯಿಗಳು ಎಳೆಯ ವಯಸ್ಸಿನಲ್ಲಿಯೇ ಸತ್ತವು. ಎರಡು ಪೂರ್ಣಾಯುಷ್ಯ ಕಂಡವು. ನಡುವಿನ ಅಂಕಿ, ಅಂದರೆ ಮಧ್ಯಾಂಕ, 2. ಸರಾಸರಿ ಒಂದು ಕಥೆ ಹೇಳಿದರೆ ಮಧ್ಯಾಂಕ ಇನ್ನೊಂದು ಕಥೆ ಹೇಳುತ್ತದೆ. ಪೂರ್ಣ ಪಟ್ಟಿಯನ್ನು ನೋಡಿದವರಿಗೆ ಮಾತ್ರ ನಿಜ ತಿಳಿಯುತ್ತದೆ.

"ನಾಯಿಯ ಒಂದು ವರ್ಷ ಮನುಷ್ಯನ ಏಳು ವರ್ಷಕ್ಕೆ ಸಮ" ಎಂಬ ಪ್ರಚಲಿತ ಮಾತನ್ನೂ ಇದೇ ಅವಧಿಯಲ್ಲಿ ಪರೀಕ್ಷಿಸಬಹುದು. ಒಂದು ವರ್ಷದ ನಾಯಿ ಮರಿ ಹಾಕಬಲ್ಲದು. ಏಳು ವರ್ಷದ ಮಗು ಎರಡನೆಯ ಇಯತ್ತೆಯಲ್ಲಿರುತ್ತದೆ. ಪಶುವೈದ್ಯರು ಬಳಸುವ ಸ್ಥೂಲ ಲೆಕ್ಕ ಹೀಗಿದೆ: ಮಧ್ಯಮ ಗಾತ್ರದ ನಾಯಿಯ ಮೊದಲ ವರ್ಷ ಮನುಷ್ಯನ 15 ವರ್ಷಕ್ಕೆ, ಎರಡನೆಯ ವರ್ಷ ಮತ್ತೆ 9 ವರ್ಷಕ್ಕೆ, ಅನಂತರದ ಪ್ರತಿ ವರ್ಷ ಸುಮಾರು 5 ವರ್ಷಕ್ಕೆ ಸಮ. ಈ ಪ್ರಕಾರ ಹತ್ತು ವರ್ಷದ ನಾಯಿಗೆ 15 + 9 + (8 × 5) = 64. ಏಳರ ಗುಣಾಕಾರದಿಂದ ಬರುವುದು 70. ದೊಡ್ಡ ನಾಯಿಗಳಲ್ಲಿ ನಂತರದ ವರ್ಷಗಳ ಭಾರ ಇನ್ನೂ ಹೆಚ್ಚು. ಮಕ್ಕಳು ಎರಡೂ ಕ್ರಮಗಳಿಂದ 1, 2, 5 ಮತ್ತು 12 ವರ್ಷಗಳನ್ನು ಪರಿವರ್ತಿಸಿ, ಅಂತರ ಎಲ್ಲಿ ಹೆಚ್ಚೆಂದು ಗುರುತಿಸಲಿ.

ಕೊನೆಯಲ್ಲಿ ಒಂದು ಮಾತನ್ನು ಒತ್ತಿ ಹೇಳಬೇಕು: ಸರಾಸರಿಯು ಗುಂಪಿನ ಮಾತು. ಅದು ಯಾವುದೇ ಒಂದು ನಾಯಿಯ ಭವಿಷ್ಯ ಹೇಳದು. ಒಂದು ಶಾಲೆಯ ಸಮೀಕ್ಷೆಯಲ್ಲಿ ದೊಡ್ಡ ನಾಯಿಗಳೇ ಹೆಚ್ಚು ಬದುಕಿದ್ದು ಕಂಡುಬಂದರೆ ಅಂಕಿಗಳನ್ನು ತಿದ್ದಬಾರದು. ಸಂಖ್ಯೆ ಸಣ್ಣದಾದಾಗ ಹೀಗಾಗಬಹುದೆಂದು ವಿವರಿಸಿ, ಕಾರಣವನ್ನು ಮಕ್ಕಳಿಂದಲೇ ಹುಡುಕಿಸಬೇಕು.

ಮೂರನೆಯ ಅವಧಿ: ಆರೈಕೆಯ ಪಂಚಾಂಗ

ನಾಲ್ಕು ಐದು ಮಕ್ಕಳ ಗುಂಪುಗಳು ಒಂದು ವರ್ಷದ ಆರೈಕೆಯ ಪಂಚಾಂಗವನ್ನು ಸಿದ್ಧಪಡಿಸಲಿ. ಯುಗಾದಿಯ ಬಿಸಿಲಿಗೆ ನೀರಿನ ಬಟ್ಟಲು, ಮಳೆಗಾಲಕ್ಕೆ ಉಣ್ಣಿಯ ಔಷಧ, ಕಬ್ಬಿನ ಹಂಗಾಮಿಗೆ ರಸ್ತೆಯ ಎಚ್ಚರ, ದೀಪಾವಳಿಗೆ ಪಟಾಕಿಯಿಂದ ದೂರದ ಒಳಕೋಣೆ, ಹೀಗೆ ಊರಿನ ಋತುಮಾನಕ್ಕೆ ಹೊಂದಿಕೊಂಡಿರಲಿ. ಸಾಧ್ಯವಾದರೆ ಸಮೀಪದ ಪಶು ದವಾಖಾನೆಯ ವೈದ್ಯರನ್ನು ಶಾಲೆಗೆ ಆಹ್ವಾನಿಸಬೇಕು. ಮಕ್ಕಳು ಪ್ರಶ್ನೆಗಳನ್ನು ಮೊದಲೇ ಕನ್ನಡದಲ್ಲಿ ಬರೆದುಕೊಂಡು, ವೈದ್ಯರು ಮರಾಠಿಯಲ್ಲಿ ಉತ್ತರಿಸಿದರೆ ಅದನ್ನು ಕನ್ನಡದಲ್ಲಿ ದಾಖಲಿಸಲಿ. ಎರಡು ಭಾಷೆಗಳ ನಡುವೆ ಬದುಕುವ ಮಕ್ಕಳಿಗೆ ಇದಕ್ಕಿಂತ ಸಹಜವಾದ ಭಾಷಾಭ್ಯಾಸ ಅಪರೂಪ.

ನಾಲ್ಕನೆಯ ಅವಧಿ: ಭಾಷೆ

ಕೆಳಗಿನ ಪದಗಳನ್ನು ಎರಡೂ ಭಾಷೆಗಳ ಬಳಕೆಯಲ್ಲಿ ಹೋಲಿಸಬೇಕು.

ಆಯುಷ್ಯ: ಮರಾಠಿಯಲ್ಲಿ ಈ ಪದಕ್ಕೆ ಬದುಕಿನ ಅವಧಿ ಹಾಗೂ ಬದುಕು ಎಂಬ ಎರಡೂ ಅರ್ಥಗಳಿವೆ. ಕನ್ನಡದಲ್ಲಿ ಅದು ಮುಖ್ಯವಾಗಿ ಅವಧಿಯನ್ನೇ ಸೂಚಿಸುತ್ತದೆ. "ನನ್ನ ಆಯುಷ್ಯದಲ್ಲಿ ಹೀಗಾಗಿಲ್ಲ" ಎಂದು ಬರೆಯುವ ವಿದ್ಯಾರ್ಥಿಗೆ "ನನ್ನ ಬದುಕಿನಲ್ಲಿ" ಎಂಬ ರೂಪವನ್ನು ಪರಿಚಯಿಸಬೇಕು.
ಸರಾಸರಿ, ಕಾಳಜಿ: ಎರಡೂ ಭಾಷೆಗಳಲ್ಲಿ ಉಂಟು. ಆದರೆ ಮರಾಠಿಯ ಕಾಳಜಿಯಲ್ಲಿ ಚಿಂತೆಯ ಅರ್ಥವೂ ಬಲವಾಗಿದೆ. ಆರೈಕೆ ಎಂಬುದು ಕೈಯಿಂದ ಮಾಡುವ ಕೆಲಸ.
ಲಸಿಕೆ: ಮರಾಠಿಯಲ್ಲಿ ಲಸ.
ಕುನ್ನಿ: ನಾಯಿಮರಿ. ಮರಾಠಿಯಲ್ಲಿ ಪಿಲ್ಲು.

"ಬೊಗಳುವ ನಾಯಿ ಕಚ್ಚುವುದಿಲ್ಲ" ಎಂಬ ಗಾದೆಯನ್ನು ಚರ್ಚೆಗೆ ಒಡ್ಡಬೇಕು. ಮನುಷ್ಯರ ಆಡಂಬರವನ್ನು ಕುರಿತ ಮಾತಾಗಿ ಅದು ಸೊಗಸಾದುದು. ನಾಯಿಯನ್ನು ಕುರಿತ ಮಾಹಿತಿಯಾಗಿ ಅಪಾಯಕಾರಿ. ಬೊಗಳುವ ನಾಯಿಯೂ ಕಚ್ಚುತ್ತದೆ. ಗಾದೆಯ ಅರ್ಥ ಮತ್ತು ಅಕ್ಷರಾರ್ಥಗಳ ವ್ಯತ್ಯಾಸವನ್ನು ತಿಳಿಸಲು ಇದು ಒಳ್ಳೆಯ ಅವಕಾಶ.

ಬರವಣಿಗೆಗೆ ಆತಕೂರಿನ ಶಾಸನದ ಕಥೆಯನ್ನು ಬಳಸಬಹುದು. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ದೊರೆತ ಈ ಕಲ್ಲು ಹತ್ತನೆಯ ಶತಮಾನದ್ದು. ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಗಂಗ ಅರಸ ಎರಡನೆಯ ಬೂತುಗನು ತನ್ನ ವೀರ ಮಣಲೇರನ ಪರಾಕ್ರಮಕ್ಕೆ ಮೆಚ್ಚಿ ಬೇಕಾದುದನ್ನು ಕೇಳೆಂದಾಗ, ಮಣಲೇರನು ಕೇಳಿದ್ದು ಕಾಳಿ ಎಂಬ ಬೇಟೆನಾಯಿಯನ್ನು. ಆ ನಾಯಿ ಹಂದಿಯೊಂದಿಗೆ ಹೋರಾಡಿ, ಎರಡೂ ಒಟ್ಟಿಗೆ ಸತ್ತವು. ನಾಯಿಯ ನೆನಪಿಗೆ ಕಲ್ಲನ್ನು ನಿಲ್ಲಿಸಿ, ಅದರ ಪೂಜೆಗೆ ಭೂಮಿಯನ್ನು ಬಿಡಲಾಯಿತು. ಸಾವಿರ ವರ್ಷಗಳ ಹಿಂದೆಯೇ ಕನ್ನಡಿಗರು ನಾಯಿಯ ಸಾವಿಗೆ ಮರುಗಿ ಅದನ್ನು ಕಲ್ಲಿನಲ್ಲಿ ಬರೆಸಿದ್ದರು. ತನ್ನ ನಾಯಿಗಾಗಿ ಅತ್ತ ಮಗುವನ್ನು ನೋಡಿ ಉಳಿದ ಮಕ್ಕಳು ನಕ್ಕರೆ, ಶಿಕ್ಷಕರು ಈ ಕಲ್ಲನ್ನು ನೆನಪಿಸಿದರೆ ಸಾಕು. ಅನಂತರ ಮಕ್ಕಳು ತಾವು ಕಂಡ ನಾಯಿಯೊಂದನ್ನು ಕುರಿತು ಹತ್ತು ವಾಕ್ಯಗಳನ್ನು ಬರೆಯಲಿ.

ಸುರಕ್ಷತೆ: ತಪ್ಪದೆ ಹೇಳಬೇಕಾದ ಮಾತು

ನಾಯಿಯ ಮೇಲೆ ಪ್ರೀತಿ ಹುಟ್ಟಿಸುವ ಪಾಠವು ಎಚ್ಚರವನ್ನೂ ಕಲಿಸಬೇಕು. ರೇಬೀಸ್ ಶಂಕೆಯುಳ್ಳ ಪ್ರಾಣಿಗಳ ಕಡಿತಕ್ಕೆ ಒಳಗಾಗುವವರಲ್ಲಿ ಶೇ. 40ರಷ್ಟು ಮಂದಿ ಹದಿನೈದು ವರ್ಷದೊಳಗಿನ ಮಕ್ಕಳೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ರೋಗಲಕ್ಷಣ ಕಾಣಿಸಿದ ಮೇಲೆ ಉಳಿಯುವುದು ಅಸಾಧ್ಯವೆಂಬಷ್ಟು ಅಪರೂಪ. ಅದಕ್ಕೆ ಮೊದಲು ಲಸಿಕೆ ಪಡೆದರೆ ತಡೆಯಲು ಸಾಧ್ಯ.

ಕಚ್ಚಿದ ಅಥವಾ ಪರಚಿದ ಜಾಗವನ್ನು ಹರಿಯುವ ನೀರು ಮತ್ತು ಸಾಬೂನಿನಿಂದ ಹದಿನೈದು ನಿಮಿಷ ತೊಳೆಯಬೇಕು. ಸುಣ್ಣ, ಖಾರಪುಡಿ, ಎಣ್ಣೆ ಯಾವುದನ್ನೂ ಹಚ್ಚಬಾರದು. ಅದೇ ದಿನ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಹೋಗಿ, ಹೇಳಿದ ಎಲ್ಲ ಚುಚ್ಚುಮದ್ದುಗಳನ್ನೂ ಪೂರ್ಣಗೊಳಿಸಬೇಕು. ಬೈಗುಳಕ್ಕೆ ಹೆದರಿ ಕಡಿತವನ್ನು ಮುಚ್ಚಿಡುವ ಮಕ್ಕಳಿರುತ್ತಾರೆ. "ಕಚ್ಚಿದರೆ ಮೊದಲು ಹೇಳು, ಯಾರೂ ಬೈಯುವುದಿಲ್ಲ" ಎಂಬ ಭರವಸೆಯನ್ನು ಶಾಲೆಯೇ ಕೊಡಬೇಕು. ಸಪ್ಟೆಂಬರ್ 28 ವಿಶ್ವ ರೇಬೀಸ್ ದಿನ. ರೇಬೀಸ್ ಲಸಿಕೆಯನ್ನು ಕಂಡುಹಿಡಿದ ಲೂಯಿ ಪಾಶ್ಚರ್ ತೀರಿಕೊಂಡ ದಿನವೂ ಹೌದು. ಈ ಪಾಠವನ್ನು ಆ ವಾರದಲ್ಲಿ ಇರಿಸಿಕೊಳ್ಳುವುದು ಅನುಕೂಲಕರ.

ಮೌಲ್ಯಮಾಪನ

1. ಆನೆ ಇಲಿಗಿಂತ ಹೆಚ್ಚು ಬದುಕುತ್ತದೆ. ಆದರೆ ದೊಡ್ಡ ನಾಯಿ ಸಣ್ಣ ನಾಯಿಗಿಂತ ಕಡಿಮೆ ಬದುಕುವುದೇಕೆ?
2. ಮುಧೋಳ ನಾಯಿ ಎತ್ತರವಾಗಿದ್ದರೂ ಅದನ್ನು ಭಾರದ ನಾಯಿಗಳ ಸಾಲಿಗೆ ಸೇರಿಸುವುದಿಲ್ಲ. ಕಾರಣ ಬರೆಯಿರಿ.
3. ಆರು ನಾಯಿಗಳು 1, 2, 3, 11, 12, 13 ವರ್ಷ ಬದುಕಿದವು. ಸರಾಸರಿ ಮತ್ತು ಮಧ್ಯಾಂಕ ಕಂಡುಹಿಡಿಯಿರಿ. ಎರಡೂ 7 ಬಂದರೂ ಏಳು ವರ್ಷ ಬದುಕಿದ ನಾಯಿ ಇಲ್ಲವೇಕೆ?
4. "ಅದರ ಆಯುಷ್ಯ ಅಷ್ಟೇ ಇತ್ತು" ಎಂಬ ಮಾತು ಎಷ್ಟರಮಟ್ಟಿಗೆ ಸರಿ, ಎಷ್ಟರಮಟ್ಟಿಗೆ ತಪ್ಪು? ಐದು ವಾಕ್ಯಗಳಲ್ಲಿ ಬರೆಯಿರಿ.

ನಾಲ್ಕನೆಯ ಪ್ರಶ್ನೆಗೆ ಒಂದೇ ಸರಿಯುತ್ತರವಿಲ್ಲ. ಹುಟ್ಟಿನ ಪಾಲು ಮತ್ತು ಆರೈಕೆಯ ಪಾಲು ಎರಡನ್ನೂ ಹೆಸರಿಸಿದ ಉತ್ತರಕ್ಕೆ ಪೂರ್ಣ ಅಂಕ ಕೊಡಬೇಕು.

ಸಮಾರೋಪ

ಇನ್ನು ಎದ್ದುನಿಂತ ಆ ಹುಡುಗಿಗೆ ಹೇಳಬೇಕಾದ ಉತ್ತರ. ದೊಡ್ಡ ನಾಯಿಗಳ ಆಯುಷ್ಯ ತುಸು ಕಡಿಮೆಯೆಂಬುದು ನಿಜ. ಆದರೆ ನಾಲ್ಕು ವರ್ಷ ಯಾವ ನಾಯಿಯ ಪೂರ್ಣಾಯುಷ್ಯವೂ ಅಲ್ಲ. ರೋಗವೋ, ವಿಷವೋ, ವಾಹನವೋ ನಡುವೆ ಬಂದಿರಬೇಕು. ಇಷ್ಟನ್ನು ಹೇಳಿ ನಿಲ್ಲಿಸಿದರೆ ಮಗು ತಪ್ಪೆಲ್ಲವನ್ನೂ ತನ್ನ ಮೇಲೆ, ಇಲ್ಲವೆ ತಂದೆತಾಯಿಯರ ಮೇಲೆ ಹೊರಿಸಿಕೊಂಡೀತು. ಲಸಿಕೆ ಹಾಕಿಸದಿದ್ದುದಕ್ಕೆ ಬಡತನ, ದವಾಖಾನೆಯ ದೂರ, ಮಾಹಿತಿಯ ಅಭಾವ ಕಾರಣವಾಗಿರಬಹುದು. ಸಮೀಕ್ಷೆಯ ಹಾಳೆಯಲ್ಲಿ ಮನೆಯವರ ಹೆಸರನ್ನು ಬರೆಸದಿರುವುದು, "ಲಸಿಕೆ ಇಲ್ಲ" ಎಂದವರನ್ನು ತರಗತಿಯ ಮುಂದೆ ಎತ್ತಿ ಹೇಳದಿರುವುದು ಈ ಕಾರಣಕ್ಕಾಗಿಯೇ ಅಗತ್ಯ.

ಆದ್ದರಿಂದ ಶಿಕ್ಷಕರ ಉತ್ತರ ಹೀಗಿರಲಿ: "ನಿಮ್ಮ ನಾಯಿ ಬೇಗ ಹೋದದ್ದು ನಿನ್ನ ತಪ್ಪಲ್ಲವ್ವಾ. ಆಗ ನಮಗ್ಯಾರಿಗೂ ಇಷ್ಟು ಗೊತ್ತಿರಲಿಲ್ಲ. ಈಗ ಗೊತ್ತಾಗೇತಿ. ಮುಂದಿನ ಮರಿಗೆ ಏನು ಮಾಡಬೇಕು ಅನ್ನೋದನ್ನ ನೀನೇ ಎಲ್ಲಾರಿಗೂ ಹೇಳು." ಆ ಹುಡುಗಿ ಫಲಕದ ಬಳಿ ಬಂದು ಮೊದಲ ಅಂಶವಾಗಿ "ಲಸಿಕೆ" ಎಂದು ಬರೆದರೆ ಪಾಠದ ಉದ್ದೇಶ ಈಡೇರಿದಂತೆ.